ಹೊನಲಿನ ಪಂಚಾಂಗ: ಕಲ್ಪನೆಯ ಗ್ರಹಕ್ಕೆ ಕ್ಯಾಲೆಂಡರ್ ಕಟ್ಟುವ ಲೆಕ್ಕ

ವಿಜ್ಞಾನ ಕಥೆಯಲ್ಲಿ ಬೇರೊಂದು ಗ್ರಹಕ್ಕೆ ಕ್ಯಾಲೆಂಡರ್ ಬೇಕಾದಾಗ ಹೆಚ್ಚಿನವರು ಮಾಡುವುದು ಇಷ್ಟೇ: ವರ್ಷಕ್ಕೆ ಹತ್ತು ತಿಂಗಳು, ತಿಂಗಳಿಗೆ ನಲವತ್ತು ದಿನ, ಬಾಯಿಗೆ ಸಿಕ್ಕ ಹತ್ತು ಹೆಸರು. ಲೆಕ್ಕ ಚೊಕ್ಕವಾಗಿರುತ್ತದೆ, ಆದರೆ ಅಲ್ಲಿ ಯಾರೂ ಬಾಳಿದ ಹಾಗೆ ಕಾಣುವುದಿಲ್ಲ. ಆಕಾಶ ಯಾರಿಗೂ ಪೂರ್ಣಾಂಕ ಕೊಡುವುದಿಲ್ಲ. ನಮ್ಮ ವರ್ಷ 365.2422 ದಿನ, ಚಾಂದ್ರಮಾಸ 29.53059 ದಿನ. ಹನ್ನೆರಡು ಚಾಂದ್ರಮಾಸ ಕೂಡಿದರೆ 354.37 ದಿನ, ಅಂದರೆ ವರ್ಷಕ್ಕೆ ಸುಮಾರು 11 ದಿನ ಕೊರತೆ. ಫೆಬ್ರವರಿ 29, ಅಧಿಕಮಾಸ, ವರ್ಷವರ್ಷವೂ ಹಿಂದೆ ಸರಿಯುವ ರಂಜಾನ್, ಇವೆಲ್ಲ ಆ ಭಾಗಾಕಾರದ ಶೇಷದಿಂದ ಹುಟ್ಟಿದವು. ಕಲ್ಪನೆಯ ಕ್ಯಾಲೆಂಡರ್ ಕಟ್ಟುವವರು ಮೊದಲು ಶೇಷ ಹುಡುಕಬೇಕು. ಹಬ್ಬ, ಜಗಳ, ಪಂಗಡ, ಗಾದೆ ಎಲ್ಲ ಅದರ ಸುತ್ತ ಬೆಳೆಯುತ್ತವೆ.

ಇಲ್ಲಿ ಒಂದೇ ಗ್ರಹ ಹಿಡಿದು ಮೊದಲಿನಿಂದ ಲೆಕ್ಕ ಮಾಡೋಣ. ಗ್ರಹದ ಹೆಸರು ಹೊನಲು, ಅದರ ಕಿತ್ತಳೆ ಬಣ್ಣದ ಸೂರ್ಯ ಕೆಂಡ, ಎರಡು ಚಂದ್ರರು ಅಕ್ಕ ಮತ್ತು ತಂಗಿ. ಬೇಕಾಗಿರುವುದು ಒಂದು ಕ್ಯಾಲ್ಕುಲೇಟರ್, ಒಂದು ಸ್ಪ್ರೆಡ್‌ಶೀಟ್, ಒಂದು ಸಂಜೆ.

ವರ್ಷದ ಉದ್ದವನ್ನು ಮನಸ್ಸಿಗೆ ಬಂದಂತೆ ಇಡಬೇಡಿ

ವರ್ಷ ಎಷ್ಟು ಉದ್ದ ಎನ್ನುವುದು ಎರಡು ಸಂಗತಿಗಳ ಮೇಲೆ ನಿಂತಿದೆ: ನಕ್ಷತ್ರದ ತೂಕ ಮತ್ತು ಅಲ್ಲಿಂದ ಗ್ರಹಕ್ಕಿರುವ ದೂರ. ಭೂಮಿ–ಸೂರ್ಯರ ದೂರವನ್ನು 1 ಎಂದಿಟ್ಟುಕೊಂಡು ನಿಮ್ಮ ಗ್ರಹದ ದೂರವನ್ನು ಘನ ಮಾಡಿ. ನಮ್ಮ ಸೂರ್ಯನ ತೂಕವನ್ನು 1 ಎಂದಿಟ್ಟುಕೊಂಡು ನಕ್ಷತ್ರದ ತೂಕದಿಂದ ಭಾಗಿಸಿ. ಬಂದದ್ದರ ವರ್ಗಮೂಲವೇ ಭೂಮಿಯ ವರ್ಷಗಳಲ್ಲಿ ಆ ಗ್ರಹದ ವರ್ಷ. ಕೆಪ್ಲರನ ಮೂರನೇ ನಿಯಮ, ಅಷ್ಟೆ.

ಕೆಂಡದ ತೂಕ 0.8, ಹೊನಲಿನ ದೂರ 0.7 ಇರಲಿ. 0.7ರ ಘನ 0.343, ಅದನ್ನು 0.8ರಿಂದ ಭಾಗಿಸಿದರೆ 0.42875, ವರ್ಗಮೂಲ 0.6548. ಭೂಮಿಯ ದಿನಗಳಲ್ಲಿ 239.16, ಗಂಟೆಗಳಲ್ಲಿ 5739.9. ಬೆಚ್ಚಗಿನ ಲೋಕ ಬೇಕು, ಜತೆಗೆ ಐದು ನೂರು ದಿನದ ವರ್ಷವೂ ಬೇಕು ಎಂದರೆ ಸಣ್ಣ ನಕ್ಷತ್ರ ಒಪ್ಪುವುದಿಲ್ಲ. ನಕ್ಷತ್ರ ಸಣ್ಣದಾದಷ್ಟೂ ಬೆಚ್ಚಗಿನ ಜಾಗ ಅದರ ಹತ್ತಿರಕ್ಕೆ ಬರುತ್ತದೆ, ವರ್ಷ ಗಿಡ್ಡವಾಗುತ್ತದೆ. ಇದನ್ನು ಮೊದಲೇ ನೋಡದೆ ಕಥೆಯಲ್ಲಿ ‘ನಲವತ್ತು ವರ್ಷದ ಯುದ್ಧ’ ನಡೆಸಿಬಿಟ್ಟರೆ ಆಮೇಲೆ ತಿದ್ದುವುದು ಕಷ್ಟ.

ದಿನ: ಒಂದು ಕಳೆಯುವುದು ಮರೆಯಬಾರದು

ಗ್ರಹ ತನ್ನ ಸುತ್ತ ತಾನು ತಿರುಗಲು ಹಿಡಿಯುವ ಹೊತ್ತು ಒಂದು, ಸೂರ್ಯೋದಯದಿಂದ ಸೂರ್ಯೋದಯಕ್ಕೆ ಆಗುವ ಹೊತ್ತು ಇನ್ನೊಂದು. ಗ್ರಹ ತಿರುಗುತ್ತಲೇ ಸೂರ್ಯನನ್ನು ಸುತ್ತುವುದರಿಂದ ವರ್ಷದಲ್ಲಿ ಎಷ್ಟು ತಿರುಗಿತೋ ಅದಕ್ಕಿಂತ ಒಂದು ಸೂರ್ಯೋದಯ ಕಡಿಮೆ.

ಹೊನಲು ಒಮ್ಮೆ ತಿರುಗಲು 30.8 ಗಂಟೆ ಬೇಕು ಎನ್ನಿ. 5739.9ನ್ನು 30.8ರಿಂದ ಭಾಗಿಸಿದರೆ 186.36 ಸುತ್ತು. ಒಂದು ಕಳೆದರೆ 185.36 ಹಗಲು–ರಾತ್ರಿ. ಇದೇ ಜನ ಎಣಿಸುವ ವರ್ಷ. ದಿನದ ಉದ್ದ 30 ಗಂಟೆ 58 ನಿಮಿಷ. ಈ ಒಂದನ್ನು ಕಳೆಯದಿದ್ದರೆ ಮುಂದಿನ ಲೆಕ್ಕವೆಲ್ಲ ವರ್ಷಕ್ಕೊಂದು ದಿನದಂತೆ ಹಳಿ ತಪ್ಪುತ್ತದೆ. ಗ್ರಹ ಕಕ್ಷೆಯ ದಿಕ್ಕಿಗೆ ಎದುರಾಗಿ ತಿರುಗುವುದಾದರೆ ಒಂದು ಕೂಡಿಸಬೇಕು. ನಮ್ಮ ಶುಕ್ರ ಹಾಗೆಯೇ.

ದಿನವನ್ನು 24ಕ್ಕೆ ಸೀಳಬೇಕೆಂಬ ನಿಯಮವಿಲ್ಲ. ನಮ್ಮ ಹಳೆಯ ಲೆಕ್ಕದಂತೆ 60 ಘಳಿಗೆ ಮಾಡಿದರೆ ನಮ್ಮ ಘಳಿಗೆ 24 ನಿಮಿಷ, ಹೊನಲಿನ ಘಳಿಗೆ ಹತ್ತಿರ ಹತ್ತಿರ 31 ನಿಮಿಷ. ಪಾತ್ರ ‘ಎರಡು ಘಳಿಗೆ ಕಾದೆ’ ಎಂದರೆ ಒಂದು ಗಂಟೆ ಕಾದಿದ್ದಾನೆ ಎಂದು ನಿಮಗೆ ಗೊತ್ತಿರಲಿ, ಓದುಗರಿಗೆ ಹೇಳಬೇಕಾಗಿಲ್ಲ.

0.36 ದಿನವನ್ನು ಏನು ಮಾಡುವುದು?

ಹೊನಲಿನ ವರ್ಷದಲ್ಲಿ ಮಿಕ್ಕಿದ್ದು 0.36 ದಿನ. ಇದಕ್ಕೆ ಹತ್ತಿರದ ಸಣ್ಣ ಭಿನ್ನರಾಶಿಗಳನ್ನು ಹುಡುಕುವ ದಾರಿ ಸುಲಭ. 1ನ್ನು 0.36ರಿಂದ ಭಾಗಿಸಿ: 2.777. 2 ಬರೆದಿಟ್ಟು ಉಳಿದ 0.777ರಿಂದ ಮತ್ತೆ 1ನ್ನು ಭಾಗಿಸಿ: 1.2857. 1 ಬರೆದಿಟ್ಟು 0.2857ರಿಂದ ಭಾಗಿಸಿ: 3.5. ಹೀಗೆ ಸಿಕ್ಕ 2, 1, 3, 2 ಅಂಕಿಗಳಿಂದ ಕಟ್ಟಿದ ಭಿನ್ನರಾಶಿಗಳು ಕ್ರಮವಾಗಿ 1/2, 1/3, 4/11, 9/25.

ಈ ಸಾಲಿನಲ್ಲೇ ಒಂದು ಇತಿಹಾಸ ಅಡಗಿದೆ. ಮೂರು ವರ್ಷಕ್ಕೊಂದು ಅಧಿಕದಿನ ಎಂಬುದು ನೆನಪಿಟ್ಟುಕೊಳ್ಳಲು ಸುಲಭ, ಹಳಬರ ನಿಯಮ ಅದೇ ಇರಲಿ. ಅದರ ತಪ್ಪು ವರ್ಷಕ್ಕೆ 0.0267 ದಿನ, ಅಂದರೆ ಮೂವತ್ತೇಳೂವರೆ ವರ್ಷಕ್ಕೆ ಒಂದು ದಿನ. 300 ವರ್ಷ ಹಾಗೇ ಬಿಟ್ಟರೆ ಹೊಸವರ್ಷ ಎಂಟು ದಿನ ಮೊದಲೇ ಬಂದುಬಿಡುತ್ತದೆ. ಆಗ ಹನ್ನೊಂದು ವರ್ಷಕ್ಕೆ ನಾಲ್ಕು ಎನ್ನುವ ಹೊಸ ನಿಯಮ ಬರುತ್ತದೆ, ಅದರಲ್ಲಿ ತಪ್ಪು 275 ವರ್ಷಕ್ಕೆ ಒಂದು ದಿನ. 1582ರಲ್ಲಿ ಅಕ್ಟೋಬರ್ 4ರ ಮರುದಿನವನ್ನು 15 ಎಂದು ಕರೆದು ಯೂರೋಪಿನ ಕೆಲವು ಕ್ಯಾಥೊಲಿಕ್ ದೇಶಗಳು ಹತ್ತು ದಿನ ಕತ್ತರಿಸಿದವು. ಹೊನಲಿನಲ್ಲಿ ಇದು ತಿರುವುಮುರುವು: ಎಂಟು ದಿನ ಸೇರಿಸಬೇಕು. ಆ ಎಂಟು ದಿನದ ಬಾಡಿಗೆ ಯಾರು ಕೊಡಬೇಕು, ಬಡ್ಡಿ ಓಡುತ್ತದೆಯೇ, ಆ ದಿನ ಹುಟ್ಟಿದ ಮಗುವಿಗೆ ವರ್ಷ ತುಂಬುವುದು ಯಾವಾಗ? ಒಂದು ಒಳ್ಳೆಯ ಅಧ್ಯಾಯಕ್ಕೆ ಸಾಕು.

ಹನ್ನೊಂದರಲ್ಲಿ ಯಾವ ನಾಲ್ಕು ಎಂದು ಕೈಯಿಂದ ಆರಿಸಬೇಡಿ, ಒಂದೆಡೆ ಗುಂಪಾಗುತ್ತವೆ. ವರ್ಷದ ಸಂಖ್ಯೆಯನ್ನು 4ರಿಂದ ಗುಣಿಸಿ 11ರಿಂದ ಭಾಗಿಸಿ. ಶೇಷ 4ಕ್ಕಿಂತ ಕಡಿಮೆ ಬಂದರೆ ಅಧಿಕದಿನದ ವರ್ಷ. ಹೀಗೆ 3, 6, 9, 11ನೇ ವರ್ಷಗಳು ಸಿಗುತ್ತವೆ. ‘ಮೂರು, ಆರು, ಒಂಬತ್ತು, ಹನ್ನೊಂದು’ ಎಂದು ಹೊನಲಿನ ಶಾಲೆಯ ಮಕ್ಕಳು ಮಗ್ಗಿಯಂತೆ ಒಪ್ಪಿಸುತ್ತಾರೆ.

ತಂಗಿಯ ವಾರ, ನಗರದ ತಿಂಗಳು

ಚಂದ್ರನನ್ನು ಇಡುವ ಮುಂಚೆ ಒಂದು ಎಚ್ಚರ. ಗ್ರಹದಿಂದ ತೀರ ದೂರವಿರುವ ಚಂದ್ರನನ್ನು ನಕ್ಷತ್ರ ಸೆಳೆದುಕೊಂಡುಬಿಡುತ್ತದೆ. ಚಂದ್ರ ಒಂದು ಸುತ್ತಿಗೆ ತೆಗೆದುಕೊಳ್ಳುವ ಹೊತ್ತು ವರ್ಷದ ಒಂಬತ್ತನೇ ಒಂದು ಭಾಗದ ಒಳಗಿದ್ದರೆ ಕ್ಷೇಮ. ಹೊನಲಿಗೆ ಆ ಮಿತಿ 20.6 ದಿನ. ಅಕ್ಕನಿಗೆ 18 ದಿನ, ತಂಗಿಗೆ 4.87 ದಿನ ಕೊಡೋಣ.

ಆದರೆ ಜನ ನೋಡುವುದು ಹುಣ್ಣಿಮೆಯಿಂದ ಹುಣ್ಣಿಮೆಗೆ. ಸುತ್ತಿನ ಅವಧಿಯನ್ನು ವರ್ಷದಿಂದ ಗುಣಿಸಿ, ವರ್ಷದಲ್ಲಿ ಆ ಅವಧಿಯನ್ನು ಕಳೆದು ಬಂದದ್ದರಿಂದ ಭಾಗಿಸಿದರೆ ಅದು ಸಿಗುತ್ತದೆ. ತಂಗಿಗೆ 5.0014 ದಿನ, ಅಕ್ಕನಿಗೆ 19.936 ದಿನ.

ತಂಗಿ ಐದು ದಿನದ ವಾರ ಕೊಟ್ಟಳು. 185 ದಿನವೆಂದರೆ ಸರಿಯಾಗಿ 37 ವಾರ! ಹಾಗಾಗಿ ಸಾಮಾನ್ಯ ವರ್ಷ ವಾರದ ಯಾವ ದಿನ ಶುರುವಾಯಿತೋ ಮುಂದಿನದೂ ಅದೇ ದಿನ. ಅಧಿಕದಿನ ಬಂದಾಗ ಮಾತ್ರ ಒಂದು ದಿನ ಮುಂದೆ. ಹನ್ನೊಂದು ವರ್ಷಕ್ಕೆ ನಾಲ್ಕು ದಿನ ಜರುಗಿ, 55 ವರ್ಷಕ್ಕೆ ಮೊದಲಿನ ಜಾಗಕ್ಕೆ ಬರುತ್ತದೆ. ನಮ್ಮಲ್ಲಿ ಪ್ರಭವದಿಂದ ಅಕ್ಷಯದವರೆಗೆ 60 ಸಂವತ್ಸರಗಳಿರುವಂತೆ ಹೊನಲಿನವರಿಗೆ 55ರ ಚಕ್ರ. ಇದು ಹುಡುಕಿ ಮಾಡಿದ್ದಲ್ಲ, ಲೆಕ್ಕದಲ್ಲೇ ಸಿಕ್ಕಿದ್ದು, ಅಂಥವನ್ನು ಬಿಡಬೇಡಿ.

ಇನ್ನು 5.0014ರಲ್ಲಿ ಉಳಿದ ಆ ಚಿಟಿಕೆ. ಹತ್ತೊಂಬತ್ತು ವರ್ಷ ದಾಟಿದಾಗ ತಂಗಿಯ ಹುಣ್ಣಿಮೆ ವಾರದಲ್ಲಿ ಒಂದು ದಿನ ಜರುಗಿರುತ್ತದೆ. ‘ತುಂಬುವಾರ’ ಎಂಬ ಹೆಸರಿನ ದಿನ ತಂಗಿ ತುಂಬಿರುವುದೇ ಇಲ್ಲ, ಆದರೂ ಹೆಸರು ಹೋಗುವುದಿಲ್ಲ. ಮಕರ ಸಂಕ್ರಾಂತಿಯನ್ನು ನಾವು ಉತ್ತರಾಯಣದ ಮೊದಲ ದಿನ ಎನ್ನುವುದಿಲ್ಲವೇ? ಸೂರ್ಯ ಉತ್ತರಕ್ಕೆ ತಿರುಗುವುದು ಡಿಸೆಂಬರ್ 21–22ಕ್ಕೇ. ನಕ್ಷತ್ರಗಳನ್ನು ಗುರುತಿಟ್ಟು ಎಣಿಸುವ ವರ್ಷ ಋತುಗಳ ವರ್ಷಕ್ಕಿಂತ ಸುಮಾರು 20 ನಿಮಿಷ ಉದ್ದ. ಆ 20 ನಿಮಿಷ ಶತಮಾನಗಳಿಂದ ಸೇರುತ್ತಾ ಬಂದು ಹಬ್ಬ ಜನವರಿ ಮಧ್ಯಕ್ಕೆ ಬಂದಿದೆ.

ನಗರದ ಆಡಳಿತಕ್ಕೆ ಸರಳ ವ್ಯವಸ್ಥೆ ಸಾಕು: 20 ದಿನದ ಒಂಬತ್ತು ತಿಂಗಳು, ಕೊನೆಯಲ್ಲಿ ಯಾವ ತಿಂಗಳಿಗೂ ಸೇರದ ಐದು ಹೊರದಿನ, ಅಧಿಕದಿನದ ವರ್ಷದಲ್ಲಿ ಆರು. ಪ್ರಾಚೀನ ಈಜಿಪ್ಟಿನವರೂ 30 ದಿನದ ಹನ್ನೆರಡು ತಿಂಗಳ ಮೇಲೆ ಐದು ದಿನ ಹೀಗೇ ಇಟ್ಟಿದ್ದರು. ಅವರು ಅಧಿಕದಿನ ಸೇರಿಸಲಿಲ್ಲವಾದ್ದರಿಂದ ಅವರ ಹೊಸವರ್ಷ ಎಲ್ಲ ಋತುಗಳನ್ನೂ ಸುತ್ತಿ ಬರಲು ಸುಮಾರು 1500 ವರ್ಷ ಹಿಡಿಯುತ್ತಿತ್ತು.

ಅಕ್ಕನ ತಿಂಗಳು: ಹಳ್ಳಿಯ ಪಂಚಾಂಗ

ಇದು ಕಷ್ಟದ ಭಾಗ, ಆದರೆ ಸ್ವಾರಸ್ಯವೆಲ್ಲ ಇಲ್ಲೇ. ಅಕ್ಕನ ಒಂಬತ್ತು ತಿಂಗಳು ಕೂಡಿದರೆ 179.42 ದಿನ. ವರ್ಷಕ್ಕೆ 5.94 ದಿನ ಕಡಿಮೆ. ಏನೂ ಮಾಡದಿದ್ದರೆ ಬಿತ್ತನೆ ಹಬ್ಬ ಸುಗ್ಗಿಗೆ ಹೋಗಿ ಕೂರುತ್ತದೆ. ಮೂರು ದಾರಿಗಳಿವೆ: ಮುಸ್ಲಿಮರ ಹಿಜರಿ ಕ್ಯಾಲೆಂಡರಿನಂತೆ ಸರಿಯಲು ಬಿಡುವುದು, ‘ಹತ್ತು ವರ್ಷಕ್ಕೆ ಮೂರು ಅಧಿಕಮಾಸ’ ಎಂದು ಕಟ್ಟುನಿಟ್ಟಾಗಿ ಹೇಳಿಬಿಡುವುದು, ಇಲ್ಲವೇ ಆಕಾಶವೇ ತೀರ್ಮಾನಿಸಲಿ ಎಂದು ನಮ್ಮ ಪಂಚಾಂಗದ ರೀತಿ ಹಿಡಿಯುವುದು.

ಎರಡನೆಯದನ್ನು ಪರೀಕ್ಷಿಸಿ ನೋಡಿ. ಹತ್ತು ವರ್ಷ ಅಂದರೆ 1853.6 ದಿನ, 93 ತಿಂಗಳು ಅಂದರೆ 1854.04 ದಿನ. ಅರ್ಧ ದಿನಕ್ಕೂ ಕಡಿಮೆ ವ್ಯತ್ಯಾಸ, ನಮ್ಮ 19 ವರ್ಷಕ್ಕೆ 235 ತಿಂಗಳು ಎಂಬ ಹೊಂದಾಣಿಕೆಯಷ್ಟು ಬಿಗಿಯಲ್ಲದಿದ್ದರೂ ಹಳ್ಳಿಗೆ ಸಾಕು.

ಮೂರನೆಯದಕ್ಕೆ ಸ್ಪ್ರೆಡ್‌ಶೀಟ್ ತೆರೆಯಿರಿ. ಒಂದು ಕಂಬದಲ್ಲಿ ಅಕ್ಕನ ಅಮಾವಾಸ್ಯೆಗಳು: 0, 19.936, 39.872, ಹೀಗೆ ಮುಂದಕ್ಕೆ. ಪಕ್ಕದ ಕಂಬದಲ್ಲಿ ಸಂಕ್ರಮಣಗಳು: ವರ್ಷವನ್ನು ಒಂಬತ್ತು ಪಾಲು ಮಾಡಿದರೆ ಒಂದೊಂದು ಪಾಲು 20.596 ದಿನ, ಅದರ ಗುಣಕಗಳು. ಎರಡು ಅಮಾವಾಸ್ಯೆಗಳ ನಡುವೆ ಯಾವ ಸಂಕ್ರಮಣ ಬಿತ್ತೋ ಆ ತಿಂಗಳಿಗೆ ಅದರ ಹೆಸರು. ಸಂಕ್ರಮಣವೇ ಬೀಳದ ತಿಂಗಳು ಅಧಿಕ. ಸಾಲು ಇಳಿಸುತ್ತಾ ಹೋದರೆ ಪ್ರತಿ ತಿಂಗಳೂ ಸಂಕ್ರಮಣ 0.66 ದಿನ ಹಿಂದುಳಿಯುತ್ತಾ ಬಂದು, 31ನೇ ತಿಂಗಳಲ್ಲಿ ಅಂಚಿಗೆ ತಾಗುತ್ತದೆ: ಸಂಕ್ರಮಣ 617.87ಕ್ಕೆ, ಅಮಾವಾಸ್ಯೆ 618.01ಕ್ಕೆ. ಮುಂದಿನ ತಿಂಗಳು 637.95ಕ್ಕೆ ಮುಗಿದರೆ ಸಂಕ್ರಮಣ ಬರುವುದು 638.46ಕ್ಕೆ. ಹೀಗಾಗಿ 32ನೆಯದು ಹೊನಲಿನ ಮೊದಲ ಅಧಿಕಮಾಸ.

31ನೇ ತಿಂಗಳ ಸಾಲನ್ನು ಇನ್ನೊಮ್ಮೆ ನೋಡಿ. ಸಂಕ್ರಮಣಕ್ಕೂ ಅಮಾವಾಸ್ಯೆಗೂ ನಡುವೆ ಇರುವುದು 0.14 ದಿನ, ಎಂಟೂವರೆ ಘಳಿಗೆಯಷ್ಟು. ಇಬ್ಬರು ಪಂಚಾಂಗಕರ್ತರ ಗಣಿತದಲ್ಲಿ ಅಷ್ಟು ವ್ಯತ್ಯಾಸ ಬಂದರೆ ಒಬ್ಬನಿಗೆ 31 ಅಧಿಕ, ಇನ್ನೊಬ್ಬನಿಗೆ 32. ಎರಡು ಊರು, ಎರಡು ಜಾತ್ರೆ. ನಮ್ಮಲ್ಲೂ ಎರಡು ಪಂಚಾಂಗಗಳು ಒಂದೇ ಹಬ್ಬಕ್ಕೆ ಎರಡು ದಿನ ಹೇಳುವುದು ಇಂಥ ಅಂಚಿನಲ್ಲೇ.

ಕಕ್ಷೆ ಮೊಟ್ಟೆಯಂತಿದ್ದರೆ ಪಾಲುಗಳು ಸಮವಾಗಿರುವುದಿಲ್ಲ. ನಮ್ಮ ರಾಷ್ಟ್ರೀಯ ಶಕ ಪಂಚಾಂಗ 1957ರಲ್ಲಿ ಜಾರಿಗೆ ಬಂದಾಗ ವೈಶಾಖದಿಂದ ಭಾದ್ರಪದದವರೆಗಿನ ಐದು ತಿಂಗಳಿಗೆ 31 ದಿನ ಕೊಟ್ಟದ್ದು ಇದಕ್ಕೇ. ಆ ಹೊತ್ತಿಗೆ ಭೂಮಿ ಸೂರ್ಯನಿಂದ ದೂರವಿದ್ದು ನಿಧಾನ ಸಾಗುತ್ತದೆ. ಚಳಿಗಾಲದಲ್ಲಿ ಬೇಗ ಸಾಗುವುದರಿಂದ ಅಪರೂಪಕ್ಕೆ ಒಂದೇ ಚಾಂದ್ರಮಾಸದಲ್ಲಿ ಎರಡು ಸಂಕ್ರಮಣ ಬಿದ್ದು ಕ್ಷಯಮಾಸ ಆಗುತ್ತದೆ, 1982–83ರಲ್ಲಿ ಆದಂತೆ. ಹೊನಲಿಗೆ ಕ್ಷಯಮಾಸ ಬೇಕೆಂದರೆ ಕಕ್ಷೆಯನ್ನು ಸ್ವಲ್ಪ ಹಿಗ್ಗಿಸಿ, ಅತಿ ಚಿಕ್ಕ ಪಾಲು 19.936ಕ್ಕಿಂತ ಕೆಳಗೆ ಇಳಿಯಬೇಕು.

ದಿನದೆಣಿಕೆ ಇಲ್ಲದೆ ಮುಂದೆ ಹೋಗಬೇಡಿ

ಎರಡು ಪಂಚಾಂಗ ಓಡುವಾಗ ನಡುವೆ ಒಂದು ಗೂಟ ಬೇಕು. ನಮ್ಮ ಸಿದ್ಧಾಂತಿಗಳು ಅಹರ್ಗಣ ಎನ್ನುವುದು ಇದನ್ನೇ: ಆರಂಭದಿಂದ ಇಂದಿಗೆ ಎಷ್ಟು ದಿನ ಎಂಬ ಒಂದೇ ಸಂಖ್ಯೆ. ಸೂತ್ರ ಹೀಗೆ: ಕಳೆದ ವರ್ಷಗಳನ್ನು 185ರಿಂದ ಗುಣಿಸಿ. ಅದೇ ವರ್ಷಗಳನ್ನು 4ರಿಂದ ಗುಣಿಸಿ 11ರಿಂದ ಭಾಗಿಸಿ, ಶೇಷ ಬಿಟ್ಟು ಕೂಡಿಸಿ. ಈ ವರ್ಷದಲ್ಲಿ ಎಷ್ಟನೇ ದಿನವೋ ಅದನ್ನೂ ಕೂಡಿಸಿ.

412ನೇ ವರ್ಷದ 37ನೇ ದಿನ ತೆಗೆದುಕೊಳ್ಳಿ. ಕಳೆದದ್ದು 411 ವರ್ಷ: 76,035. ಅಧಿಕದಿನಗಳು 149. ಮೇಲೆ 37. ಒಟ್ಟು 76,221. ಐದರಿಂದ ಭಾಗಿಸಿದರೆ ಶೇಷ 1, ಅಂದರೆ ವಾರದ ಮೊದಲ ದಿನ. ಅಂದು ಬೆಳಿಗ್ಗೆಗೆ ಅಕ್ಕನ ಅಮಾವಾಸ್ಯೆ ಕಳೆದು 4.9 ದಿನ, ಅಂದರೆ ರಾತ್ರಿ ಅರ್ಧ ಅಕ್ಕ. ನಗರದ ಕಚೇರಿಯಲ್ಲಿ ಎರಡನೇ ತಿಂಗಳ 17, ಹಳ್ಳಿಯಲ್ಲಿ ಆಗಲೇ ಮೂರನೇ ತಿಂಗಳ ಐದನೇ ದಿನ. ಕಥೆಯ ಪ್ರತಿ ದೃಶ್ಯಕ್ಕೂ ಈ ಸಂಖ್ಯೆಯನ್ನು ನಿಮ್ಮ ಟಿಪ್ಪಣಿಯಲ್ಲಿ ಬರೆದಿಡಿ. ಕತ್ತಲಲ್ಲಿ ನಡೆಯುವ ಕಳ್ಳತನಕ್ಕೆ ಹುಣ್ಣಿಮೆ ಬಂದು ಕೂರುವುದು ಹೀಗೆ ಬರೆದಿಡದವರ ಕಥೆಯಲ್ಲೇ.

ಮೇಲೆ ಹೇಳಿದ ಎಂಟು ದಿನದ ಸುಧಾರಣೆ ಕಥೆಯಲ್ಲಿ ಇದ್ದರೆ ಸೂತ್ರವನ್ನು ಎರಡು ತುಂಡು ಮಾಡಿ, ಹಳೆಯ ನಿಯಮಕ್ಕೊಂದು, ಹೊಸದಕ್ಕೊಂದು. ಸೊನ್ನೆಯ ವರ್ಷ ಇದೆಯೇ ಇಲ್ಲವೇ ಎಂದೂ ಈಗಲೇ ತೀರ್ಮಾನಿಸಿ.

ವಯಸ್ಸು, ಬೆಳೆ, ಬಸಿರು

ಹೊನಲಿನ ವರ್ಷ ನಮ್ಮ ವರ್ಷದ 0.6548 ಪಾಲು. ‘ಇಪ್ಪತ್ತನಾಲ್ಕು ವರ್ಷದ ಹುಡುಗಿ’ ಎಂದು ಬರೆದರೆ ನಮ್ಮ ಲೆಕ್ಕದಲ್ಲಿ ಹದಿನಾರೂ ತುಂಬಿಲ್ಲ. ಮದುವೆಯ ದೃಶ್ಯ ಬರೆಯುವವರು ಇದನ್ನು ಎರಡು ಸಲ ನೋಡಿಕೊಳ್ಳಿ. ನಮ್ಮ ಅರವತ್ತರ ಅರಳುಮರಳು ಅಲ್ಲಿ ತೊಂಬತ್ತೆರಡಕ್ಕೆ.

ಅಲ್ಲಿನವರು ಭೂಮಿಯಿಂದ ಹೋದ ಮನುಷ್ಯರಾದರೆ 280 ದಿನದ ಬಸಿರು ಅಲ್ಲಿ 217 ದಿನ, ವರ್ಷಕ್ಕಿಂತ ಹೆಚ್ಚು. 120 ದಿನದ ರಾಗಿ ಅಲ್ಲಿ 93 ದಿನ, ಸರಿಯಾಗಿ ಅರ್ಧ ವರ್ಷ. ನಾಲ್ಕು ಋತುಗಳಿದ್ದರೆ ಒಂದೊಂದಕ್ಕೆ 46 ದಿನ. ಒಂದು ಋತುವಿನಲ್ಲಿ ಬಿತ್ತಿದ್ದು ಆ ಋತುವಿನಲ್ಲಿ ಕೈಗೆ ಬರುವುದಿಲ್ಲ. ಮಳೆಯಲ್ಲಿ ಬಿತ್ತಿ ಮಳೆಯಲ್ಲೇ ಕೊಯ್ದರು ಎಂದು ಬರೆದರೆ ಬೇರೆ ತಳಿ ಬೇಕು.

ಹೆಸರಿಡುವುದು

ಕ್ಯಾಲೆಂಡರಿನ ಹೆಸರುಗಳನ್ನು ಒಂದೇ ದಿನ, ಒಂದೇ ಅಚ್ಚಿನಲ್ಲಿ ಮಾಡಬೇಡಿ. ನಿಜವಾದ ಹೆಸರುಗಳು ಕಲಬೆರಕೆ. ತುಳುನಾಡಿನಲ್ಲಿ ಪಗ್ಗು, ಬೇಸ, ಕಾರ್ತೆಲ್, ಆಟಿ, ಸೋಣ ಎಂದು ಸೌರಮಾನದ ತಿಂಗಳು. ಉತ್ತರ ಕರ್ನಾಟಕದ ರೈತರ ಬಾಯಲ್ಲಿ ಕಾರಹುಣ್ಣಿಮೆ, ಮಣ್ಣೆತ್ತಿನ ಅಮಾವಾಸ್ಯೆ, ಸೀಗಿ ಹುಣ್ಣಿಮೆ. ಮಳೆಗೆ ಮತ್ತೆ ಬೇರೆ ಲೆಕ್ಕ, ಸೂರ್ಯ ಒಂದೊಂದು ನಕ್ಷತ್ರದಲ್ಲಿರುವ ಹದಿಮೂರು ಹದಿನಾಲ್ಕು ದಿನದ ರೋಹಿಣಿ, ಮೃಗಶಿರ, ಆರಿದ್ರ. ಒಬ್ಬನೇ ಮನುಷ್ಯ ಸಂಬಳಕ್ಕೆ ಒಂದು, ಹಬ್ಬಕ್ಕೆ ಒಂದು, ಬಿತ್ತನೆಗೆ ಒಂದು ಕ್ಯಾಲೆಂಡರ್ ಬಳಸುತ್ತಾನೆ. ಹೊನಲಿನಲ್ಲೂ ಕೆಲವು ಹೆಸರು ಸಂಖ್ಯೆಯಾಗಿರಲಿ, ಕೆಲವು ಸತ್ತ ರಾಜನದು, ಕೆಲವು ಅರ್ಥವೇ ಮರೆತುಹೋದದ್ದು. ಬಾಯಲ್ಲಿ ಸವೆಯಲೂ ಬಿಡಿ: ‘ಹನಿಗಾಲದ ತಿಂಗಳು’ ಮೂರು ತಲೆಮಾರಿನಲ್ಲಿ ‘ಹನ್ಗಲ’ ಆಗುತ್ತದೆ.

ನಿಜವಾಗಿ ಹೊರಲೋಕಕ್ಕೆಂದೇ ಕಟ್ಟಿದ ಕ್ಯಾಲೆಂಡರೊಂದರಲ್ಲಿ ನಮಗೆ ಪರಿಚಿತ ಹೆಸರುಗಳಿವೆ. ಥಾಮಸ್ ಗ್ಯಾಂಗೇಲ್ 1985ರಲ್ಲಿ ಮಂಗಳಕ್ಕೆ ರಚಿಸಿದ ಡೇರಿಯನ್ ಕ್ಯಾಲೆಂಡರಿನಲ್ಲಿ 24 ತಿಂಗಳು. ರಾಶಿಗಳ ಲ್ಯಾಟಿನ್ ಮತ್ತು ಸಂಸ್ಕೃತ ಹೆಸರುಗಳು ಒಂದಾದ ಮೇಲೊಂದು ಬರುತ್ತವೆ: ಸ್ಯಾಜಿಟೇರಿಯಸ್, ಧನುಸ್, ಕ್ಯಾಪ್ರಿಕಾರ್ನಸ್, ಮಕರ. ಮಂಗಳದ ವರ್ಷ ಅಲ್ಲಿನ 668.59 ದಿನ, ಬೆಸ ವರ್ಷಗಳಿಗೂ ಹತ್ತರಿಂದ ಭಾಗವಾಗುವ ವರ್ಷಗಳಿಗೂ ಒಂದು ದಿನ ಹೆಚ್ಚು, ಹತ್ತರಲ್ಲಿ ಆರು. ಅಲ್ಲಿನ ಉತ್ತರಾರ್ಧದ ವಸಂತ ಸುಮಾರು 194 ದಿನ, ಶರತ್ತು 142 ದಿನ. ಇಷ್ಟು ಅಸಮ ಋತುಗಳನ್ನು ಸಮನಾದ ತಿಂಗಳುಗಳಲ್ಲಿ ತುಂಬಿದರೆ ತಿಂಗಳ ಹೆಸರು ಕೇಳಿ ಹವೆ ಊಹಿಸಲಾಗದು.

ಸೂರ್ಯ ಮುಳುಗದ ಲೋಕವಾದರೆ

ಸಣ್ಣ ಕೆಂಪು ನಕ್ಷತ್ರದ ಹತ್ತಿರದ ಗ್ರಹಗಳು ಒಂದೇ ಮುಖ ತೋರಿಸುತ್ತಾ ಸುತ್ತುವ ಸಾಧ್ಯತೆ ಹೆಚ್ಚು. ಅಲ್ಲಿ ಹಗಲು–ರಾತ್ರಿಯೇ ಇಲ್ಲ, ಮೇಲಿನ ಲೆಕ್ಕ ಯಾವುದೂ ನಡೆಯದು. ಆಗ ನೆರೆಯ ಗ್ರಹಗಳನ್ನು ಹಿಡಿಯಿರಿ. ಟ್ರಾಪಿಸ್ಟ್–1 ನಕ್ಷತ್ರಕ್ಕೆ ಏಳು ಗ್ರಹಗಳಿರುವುದು 2017ರಲ್ಲಿ ಪ್ರಕಟವಾಯಿತು. ಅವುಗಳಲ್ಲಿ ಡಿ, ಇ, ಎಫ್ ಗ್ರಹಗಳ ಸುತ್ತು ಕ್ರಮವಾಗಿ 4.05, 6.10, 9.21 ದಿನ. ಇ ಗ್ರಹದಲ್ಲಿ ನಿಂತವರಿಗೆ ಡಿ ಗ್ರಹ ಸುಮಾರು 12 ದಿನಕ್ಕೊಮ್ಮೆ, ಎಫ್ ಸುಮಾರು 18 ದಿನಕ್ಕೊಮ್ಮೆ ಹತ್ತಿರ ಬರುತ್ತದೆ. ಎರಡೂ ಸೇರಿ 36 ದಿನದ ಚಕ್ರ. ಅದೇ ತಿಂಗಳು. ಆದರೆ ನೋಡಲು ಕತ್ತಲು ಬೇಕು, ಆದ್ದರಿಂದ ಕಾಲ ಹೇಳುವ ಅಧಿಕಾರ ಮುಸ್ಸಂಜೆಯ ಅಂಚಿನಲ್ಲಿ ವಾಸಿಸುವವರ ಕೈಗೆ ಹೋಗುತ್ತದೆ. ಸದಾ ಹಗಲಿರುವ ಊರಿನವರು ಅವರಿಂದ ದಿನಾಂಕ ಕೊಂಡುಕೊಳ್ಳಬೇಕು.

ಸಾಮಾನ್ಯವಾಗಿ ಕೈಕೊಡುವುದು ಎಲ್ಲಿ

ಯಾರ ಸೂರ್ಯೋದಯ ಎಂದು ಹೇಳದಿರುವುದು ಮೊದಲನೆಯದು. ಅಮೆರಿಕದಲ್ಲಿರುವ ಕನ್ನಡಿಗರು ಅಲ್ಲಿನ ಸೂರ್ಯೋದಯಕ್ಕೆ ಗಣಿಸಿದ ಪಂಚಾಂಗ ನೋಡುತ್ತಾರೆ, ಆದ್ದರಿಂದ ಬೆಂಗಳೂರಿಗೂ ಅವರಿಗೂ ಕೆಲವು ಹಬ್ಬ ಒಂದು ದಿನ ಹಿಂದುಮುಂದು. ಗ್ರಹವಿಡೀ ಒಂದೇ ಸರ್ಕಾರವಿದ್ದರೆ ಒಂದು ಊರನ್ನು ಆರಿಸಲೇಬೇಕು, ಉಳಿದ ಊರುಗಳು ಗೊಣಗಲೇಬೇಕು.

ಎರಡು ಗೋಲಾರ್ಧಗಳನ್ನು ಮರೆಯುವುದು ಇನ್ನೊಂದು. ‘ಗ್ರಹದಲ್ಲೆಲ್ಲ ಬೇಸಿಗೆ’ ಬರುವುದು ಕಕ್ಷೆ ಬಹಳ ಮೊಟ್ಟೆಯಂತಿದ್ದರೆ ಮಾತ್ರ. ಚಂದ್ರನೇ ಇಲ್ಲದ ಲೋಕದಲ್ಲಿ ಜನ ‘ತಿಂಗಳು’ ಎನ್ನುವುದು ಮತ್ತೊಂದು. ಕನ್ನಡದಲ್ಲಿ ತಿಂಗಳು ಅಂದರೇ ಚಂದ್ರ, ಈ ಎಡವಟ್ಟು ನಮ್ಮ ಭಾಷೆಯಲ್ಲಿ ಬೇಗ ಕಣ್ಣಿಗೆ ಹೊಡೆಯುತ್ತದೆ. ‘ಪಾಲು’, ‘ಸರದಿ’ ಎಂದು ಏನಾದರೂ ಮಾಡಿಕೊಳ್ಳಿ.

ಇನ್ನು ದಶಾಂಶದ ಹುಚ್ಚು. ಎರಡು ಸ್ಥಾನ ಸಾಕು. ಸ್ಪ್ರೆಡ್‌ಶೀಟಿನಲ್ಲಿ ಎಂಟು ಸ್ಥಾನ ಇದ್ದರೂ ಕಥೆಯೊಳಗೆ ಬರಬೇಕಾದದ್ದು ಇಷ್ಟೇ: 412ನೇ ವರ್ಷದ ಹೊಸವರ್ಷ ಆಕಾಶಕ್ಕಿಂತ ಒಂದು ದಿನ ತಡವಾಗಿ ಬಂದಿದೆ, ಹಿಂದಿನ ದಿನವೇ ಬೆಟ್ಟದ ಮೇಲಿನವರು ದೀಪ ಹಚ್ಚಿಬಿಟ್ಟಿದ್ದಾರೆ, ಕೆಳಗಿನ ನಗರದಲ್ಲಿ ಆರನೇ ಹೊರದಿನ ಬೇಡವೇ ಬೇಡ ಎಂದು ಅರ್ಜಿ ಬರೆಯುತ್ತಿದ್ದಾರೆ.